ಕೈಗೆ ಬಂದ ಎಲೆ

ಬೇಸಿಗೆಯ ರಜೆ ಮುಗಿಯುತ್ತ ಬಂದಿತ್ತು. ಪಾವಗಡ ತಾಲ್ಲೂಕಿನ ಸಣ್ಣ ಹಳ್ಳಿಯೊಂದರಲ್ಲಿ, ಹೆಂಚಿನ ಮನೆಯ ಜಗಲಿಯ ಮೇಲೆ ಇಬ್ಬರು ಕುಳಿತಿದ್ದರು. ಒಬ್ಬನು ಮಧುಗಿರಿಯ ಪ್ರೌಢಶಾಲೆಯಲ್ಲಿ ಓದುತ್ತಿದ್ದ ಹುಡುಗ. ಇನ್ನೊಬ್ಬರು ಎಪ್ಪತ್ತು ದಾಟಿದ ಅವನ ತಾತ. ತಾತನ ಕಣ್ಣು ಆಕಾಶದ ಮೇಲಿತ್ತು. ಮೊಮ್ಮಗನ ಕಣ್ಣು ಸೋದರಮಾವನ ಫೋನಿನ ಮೇಲಿತ್ತು. ರೋಹಿಣಿ ಮಳೆ ಕಾಲಿಟ್ಟಿದ್ದರೂ ಒಂದು ಹನಿ ಬಿದ್ದಿರಲಿಲ್ಲ. ಒಳಗೆ ಹೆಂಗಸರು ಬಿತ್ತನೆಗೆಂದು ಕಡಲೆಕಾಯಿ ಸುಲಿಯುತ್ತಿದ್ದ ಸದ್ದು ಕೇಳಿಬರುತ್ತಿತ್ತು.

“ತಾತ, ಐನೂರು ರೂಪಾಯಿ ಬೇಕಾಗಿತ್ತು” ಎಂದನು ಹುಡುಗ.

“ಏತಕ್ಕಪ್ಪಾ?”

“ಆಟದ ಎಲೆ ಕೊಳ್ಳುವುದಕ್ಕೆ.”

ತಾತನ ಪೆಟ್ಟಿಗೆಯಲ್ಲಿ ಹಣವೇನೋ ಇತ್ತು. ಆದರೆ ಅದು ಕಳೆ ಕೀಳುವವರ ಕೂಲಿಗೆಂದು ತೆಗೆದಿರಿಸಿದ್ದು. ಅವರು ಇಲ್ಲವೆನ್ನಲಿಲ್ಲ, ಹೂಂ ಎನ್ನಲೂ ಇಲ್ಲ. “ಅದೆಂಥ ಆಟ, ಹೇಳು ನೋಡೋಣ” ಎಂದು ಮೊಮ್ಮಗನ ಪಕ್ಕಕ್ಕೆ ಸರಿದು ಕುಳಿತರು.

ಹುಡುಗನು ಉತ್ಸಾಹದಿಂದ ವಿವರಿಸತೊಡಗಿದನು. ಆಟದ ಹೆಸರು ಹಾರ್ತ್‌ಸ್ಟೋನ್. 2014ರಲ್ಲಿ ಬಿಡುಗಡೆಯಾದ ಈ ಆಟದಲ್ಲಿ ಎಲೆಗಳು ಕಾಗದದವಲ್ಲ. ಫೋನಿನ ಅಥವಾ ಕಂಪ್ಯೂಟರಿನ ತೆರೆಯ ಮೇಲಿನ ಚಿತ್ರಗಳು. ಆಟಗಾರನು ತನ್ನ ಬಳಿಯಿರುವ ಎಲೆಗಳಲ್ಲಿ ಮೂವತ್ತನ್ನು ಆರಿಸಿ ಒಂದು ಕಟ್ಟನ್ನು ಸಿದ್ಧಪಡಿಸಿಕೊಳ್ಳಬೇಕು. ಎಲ್ಲಿಯೋ ಇರುವ ಅಪರಿಚಿತ ಎದುರಾಳಿಯೂ ಅಂಥದೇ ಕಟ್ಟಿನೊಂದಿಗೆ ಬರುವನು. ಮೊದಲು ಆಡುವವನಿಗೆ ಆರಂಭದಲ್ಲಿ ಮೂರು ಎಲೆಗಳು ದೊರೆಯುತ್ತವೆ. ಬೇಡವಾದುದನ್ನು ಒಮ್ಮೆ ಮಾತ್ರ ಹಿಂದಿರುಗಿಸಿ ಬೇರೆಯದನ್ನು ಪಡೆಯಬಹುದು. ಹೊಸ ಎಲೆಗಳು ಪೊಟ್ಟಣಗಳಲ್ಲಿ ಬರುತ್ತವೆ. ಆಡಿ ಗಳಿಸಿದ ನಾಣ್ಯಗಳಿಂದಲೂ ಅವನ್ನು ಪಡೆಯಬಹುದು, ಹಣ ತೆತ್ತೂ ಕೊಳ್ಳಬಹುದು.

“ಪೊಟ್ಟಣದೊಳಗೆ ಯಾವ ಎಲೆಯಿದೆ ಎಂಬುದನ್ನು ಮೊದಲೇ ಹೇಳುವರೇ?” ಎಂದು ತಾತ ಕೇಳಿದರು.

“ಇಲ್ಲ ತಾತ. ಒಡೆದ ಮೇಲೆಯೇ ತಿಳಿಯುವುದು.”

“ಹಾಗಾದರೆ ಕೊಡುವುದು ಹಣ, ಕೊಳ್ಳುವುದು ಆಸೆ” ಎಂದು ಅವರು ನಕ್ಕರು.

ಹುಡುಗನ ಮುಖ ಸಪ್ಪಗಾಯಿತು. ಅವನ ಪಟ್ಟಣದ ಗೆಳೆಯರ ಬಳಿ ನೂರಾರು ಎಲೆಗಳಿದ್ದವು, ಇವನಲ್ಲಿದ್ದವು ಅಲ್ಪ. ಇದ್ದವುಗಳಲ್ಲಿ ಬೇಡದವನ್ನು ಒಡೆದು, ಅದರಿಂದ ಬಂದ ‘ಪುಡಿ’ಯನ್ನು ತಿಂಗಳುಗಟ್ಟಲೆ ಕೂಡಿಟ್ಟು, ಅವನು ಒಂದೇ ಒಂದು ದೊಡ್ಡ ಎಲೆಯನ್ನು ಮಾಡಿಕೊಂಡಿದ್ದನು. ಅದರ ಹೆಸರು ವಿಜ್‌ಬ್ಯಾಂಗ್. 2018ರಲ್ಲಿ ಈ ಆಟಕ್ಕೆ ಸೇರಿದ ಅದು ವಿಚಿತ್ರ ಗುಣದ ಎಲೆ. ಆಟಗಾರನು ಅದನ್ನು ಆರಿಸಿಕೊಂಡರೆ ಬೇರೆ ಎಲೆಗಳನ್ನು ಆರಿಸುವಂತಿಲ್ಲ. ಆಟ ಆರಂಭವಾಗುವ ಕ್ಷಣದಲ್ಲಿ, ಮೊದಲೇ ಸಿದ್ಧಪಡಿಸಿಟ್ಟ ಹಲವು ಕಟ್ಟುಗಳಲ್ಲಿ ಯಾವುದೋ ಒಂದು ಅವನ ಕೈಗೆ ಬರುತ್ತದೆ. ಈ ಸಲ ಬಂದದ್ದು ಮುಂದಿನ ಸಲ ಬರಬೇಕೆಂಬ ನಿಯಮವಿಲ್ಲ. ಒಮ್ಮೆ ಮಂತ್ರವಾದಿಯ ಕಟ್ಟು, ಮತ್ತೊಮ್ಮೆ ಯೋಧನ ಕಟ್ಟು. ಆ ಕಟ್ಟಿನಲ್ಲಿರುವ ಎಲೆಗಳು ಅವನ ಸ್ವಂತವಾಗಿರಬೇಕಾಗಿಯೂ ಇಲ್ಲ.

“ಇದ್ದವರು ತಮಗೆ ಬೇಕಾದುದನ್ನು ಆರಿಸಿಕೊಂಡು ಬರುತ್ತಾರೆ. ನನಗೆ ಮಾತ್ರ ಬಂದದ್ದೇ ಗತಿ. ಅದಕ್ಕೇ ಸೋಲುತ್ತೇನೆ” ಎಂದನು ಹುಡುಗ.

ತಾತ ಉತ್ತರ ಕೊಡಲಿಲ್ಲ. ಒಳಗಿನಿಂದ ಸೀಮೆಸುಣ್ಣವನ್ನೂ ನಾಲ್ಕು ಕವಡೆಗಳನ್ನೂ ತಂದು, ಜಗಲಿಯ ಕಲ್ಲಿನ ಮೇಲೆ ಐದೈದು ಸಾಲುಗಳಲ್ಲಿ ಇಪ್ಪತ್ತೈದು ಮನೆಗಳನ್ನು ಬರೆದರು. ಚೌಕಾಬಾರದ ಆಟ ಮೊದಲಾಯಿತು. ಕವಡೆಗಳು ನಾಲ್ಕೂ ಮೇಲ್ಮುಖವಾಗಿ ಬಿದ್ದರೆ ಚೌಕ, ಅಂದರೆ ನಾಲ್ಕು. ನಾಲ್ಕೂ ಬೋರಲಾಗಿ ಬಿದ್ದರೆ ಬಾರ, ಅಂದರೆ ಎಂಟು. ಕವಡೆಯು ಎರಡು ಮಗ್ಗುಲಿಗೂ ಸಮನಾಗಿ ಬೀಳುವುದೆಂದು ಭಾವಿಸಿದರೆ, ಹದಿನಾರು ಬಗೆಯ ಬೀಳುವಿಕೆಗಳಲ್ಲಿ ಎರಡು ಬರುವ ಬಗೆಗಳು ಆರು. ಒಂದು ಮತ್ತು ಮೂರು ಬರುವ ಬಗೆಗಳು ನಾಲ್ಕು ನಾಲ್ಕು. ಚೌಕಕ್ಕೂ ಬಾರಕ್ಕೂ ಇರುವುದು ಒಂದೊಂದೇ ಬಗೆ. ದೊಡ್ಡ ಗರ ಅಪರೂಪ. ಸಣ್ಣ ಗರವೇ ದಿನನಿತ್ಯದ್ದು.

ಅಂದು ಹುಡುಗನಿಗೆ ಎರಡು ಸಲ ಬಾರ ಬಿತ್ತು. ಅವನು ಹಿಗ್ಗಿ ಒಂದೇ ಕಾಯಿಯನ್ನು ಓಡಿಸಿದನು. ತಾತನಿಗೆ ಬಿದ್ದುದೆಲ್ಲ ಒಂದು, ಎರಡು, ಮೂರು. ಅವರು ಒಂದು ಕಾಯಿಯನ್ನು ಅಡ್ಡಗೆರೆಯ ಮನೆಯಲ್ಲಿ ಭದ್ರವಾಗಿರಿಸಿ, ಇನ್ನೊಂದನ್ನು ಹಿಂದೆ ಕಾವಲಿಟ್ಟು, ಮೊಮ್ಮಗನ ಓಡುವ ಕಾಯಿಯನ್ನು ದಾರಿಯಲ್ಲಿಯೇ ಹೊಡೆದರು. ಆಟ ಮುಗಿದಾಗ ಗೆದ್ದವರು ಸಣ್ಣ ಗರದ ತಾತನೇ.

“ಗರ ಬೀಳುವುದು ಕವಡೆಯ ಕೆಲಸ, ಕಾಯಿ ನಡೆಸುವುದು ನಿನ್ನ ಕೆಲಸ” ಎಂದರು ಅವರು.

ಮನುಷ್ಯನು ಅದೃಷ್ಟವನ್ನೂ ಬುದ್ಧಿಯನ್ನೂ ಒಂದೇ ಹಾಸಿನ ಮೇಲೆ ಕೂರಿಸಿ ಆಡಿಸುತ್ತ ಬಂದಿರುವುದು ಇಂದು ನಿನ್ನೆಯ ಸಂಗತಿಯಲ್ಲ. ಮೊಗಲ್ ದೊರೆ ಬಾಬರನು 1527ರಲ್ಲಿ ಸಿಂಧಿನ ಷಾ ಹಸನನಿಗೆ ಗಂಜೀಫಾ ಎಲೆಗಳನ್ನು ಕಳುಹಿಸಿದ ವಿಷಯ ಅವನ ಆತ್ಮಕಥೆಯಲ್ಲಿ ಬಂದಿದೆ. ಅದೇ ವಂಶದ ಔರಂಗಜೇಬನ ಕಾಲದಲ್ಲಿ, 1687ರಲ್ಲಿ, ಶಿರಾ ಪಟ್ಟಣವು ಮೊಗಲರ ಪ್ರಾಂತ್ಯವೊಂದರ ಆಡಳಿತ ಕೇಂದ್ರವಾಯಿತು. ಭಾರತದಲ್ಲಿ ಗಂಜೀಫಾ ಎಲೆಗಳು ದುಂಡಗಾದವು. ದಶಾವತಾರದ ಚಿತ್ರಗಳನ್ನು ತಳೆದು ಹತ್ತು ಬಣಗಳ 120 ಎಲೆಗಳ ಕಟ್ಟಾದವು. ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು ಗಂಜೀಫಾದಲ್ಲಿ ಹಲವು ಹೊಸ ಆಟಗಳನ್ನೇ ರೂಪಿಸಿದರು. ಅವರ ‘ಶ್ರೀತತ್ತ್ವನಿಧಿ’ಯ ಕೌತುಕನಿಧಿ ಎಂಬ ಭಾಗದಲ್ಲಿ ಅವುಗಳ ವಿವರಣೆಯಿದೆ. ಅವುಗಳಲ್ಲಿ 360 ಎಲೆಗಳ ಕಟ್ಟೂ ಉಂಟು. ಅರಮನೆಯ ದಂತದ ಎಲೆಯಾಗಲಿ, ಜಗಲಿಯ ಕವಡೆಯಾಗಲಿ, ಫೋನಿನ ಬೆಳಕಿನ ಎಲೆಯಾಗಲಿ, ಕಲಿಸುವ ಮೊದಲ ಪಾಠ ಒಂದೇ. ಹಂಚುವ ಕೈ ಆಟಗಾರನದಲ್ಲ.

ಹಂಚಿಕೆ ಎಲ್ಲರಿಗೂ ಒಂದೇ ಬಗೆಯಾಗಿರುವುದಿಲ್ಲ ಎಂಬುದನ್ನು ಆ ಸೀಮೆಯ ನೆಲವೇ ತೋರಿಸುತ್ತದೆ. ದೇವರಾಯನದುರ್ಗದ ಬೆಟ್ಟಗಳಲ್ಲಿ ಹುಟ್ಟುವ ಜಯಮಂಗಲಿಯು ಕೊರಟಗೆರೆಯ ಕಡೆ ಹರಿಯುತ್ತದೆ. ಅಲ್ಲಿ ತೆಂಗು ಅಡಿಕೆಯ ತೋಟಗಳಿಗೆ ಎಡೆಯುಂಟು. ಮಧುಗಿರಿಗೆ ದೊರೆತದ್ದು ಆಕಾಶಕ್ಕೆ ಎದ್ದು ನಿಂತ ಮಹಾ ಏಕಶಿಲೆ ಮತ್ತು ಅದರ ಸುತ್ತಲಿನ ರಾಗಿಯ ಹೊಲ. ಶಿರಾಕ್ಕೆ ದೊರೆತದ್ದು ಕೆರೆಯನ್ನು ನಂಬಿದ ಬಯಲು ಮತ್ತು ಕಡಲೆಕಾಯಿ. ಮೂರು ಕಡೆ ಆಂಧ್ರಪ್ರದೇಶದಿಂದ ಸುತ್ತುವರಿದ ಪಾವಗಡಕ್ಕೆ ದೊರೆತದ್ದು ಕಲ್ಲು, ಕೆಮ್ಮಣ್ಣು, ಬಿಸಿಲು. ಯಾರೂ ಕೇಳಿ ಪಡೆದದ್ದಲ್ಲ. ಎಲೆ ಹಂಚಿದಂತೆ ಬಂದದ್ದು.

ಬಂದುದನ್ನು ಹೇಗೆ ಆಡಬೇಕೆಂಬುದನ್ನು ಈ ಭಾಗದ ಒಕ್ಕಲು ಮಕ್ಕಳು ಶಾಸ್ತ್ರದಂತೆ ಕಲಿತಿದ್ದಾರೆ. ರಾಗಿಯ ಹೊಲದಲ್ಲಿ ಬರಿಯ ರಾಗಿಯನ್ನೇ ಬಿತ್ತುವುದಿಲ್ಲ. ನಡುನಡುವೆ ಅವರೆ, ತೊಗರಿ, ಜೋಳ, ಹುಚ್ಚೆಳ್ಳುಗಳ ಅಕ್ಕಡಿ ಸಾಲುಗಳನ್ನು ಎಳೆಯುತ್ತಾರೆ. ಕಡಲೆಕಾಯಿಯ ನಡುವೆ ತೊಗರಿಯನ್ನು ಹಾಕುತ್ತಾರೆ. ಮುಂಗಾರು ಕೈಕೊಟ್ಟು ಒಂದು ಬೆಳೆ ಒಣಗಿದರೂ ಹಿಂಗಾರಿನ ಎರಡು ಹದಮಳೆಗೆ ಇನ್ನೊಂದು ತಲೆಯೆತ್ತುತ್ತದೆ. ಬಿತ್ತನೆಯ ಕಾಲವೇ ಮೀರಿಹೋದರೆ ಹೊಲವನ್ನು ಬೀಳು ಬಿಡದೆ ಹುರುಳಿ ಎರಚುತ್ತಾರೆ. ಬೇಡದ ಎಲೆಯನ್ನು ಒಮ್ಮೆ ಹಿಂದಿರುಗಿಸಿ ಬೇರೆಯದನ್ನು ಪಡೆಯುವ ಫೋನಿನ ಆಟದ ನಿಯಮ, ಹೀಗೆ ನೋಡಿದರೆ, ಹೊಲದಲ್ಲಿ ಬಹು ಹಿಂದಿನಿಂದಲೂ ನಡೆದು ಬಂದಿದೆ.

ಕೆಲವೊಮ್ಮೆ ಕೆಟ್ಟದೆಂದು ಬಗೆದ ಎಲೆಯೇ ಕೈಹಿಡಿಯುವುದೂ ಉಂಟು. ಪಾವಗಡದ ಬಿಸಿಲನ್ನು ಜನ ಎಷ್ಟು ತಲೆಮಾರು ಶಪಿಸಿದ್ದರೋ! ಆ ಬಿಸಿಲೇ ತಿರುಮಣಿಯ ಸುತ್ತಲಿನ ಐದು ಗ್ರಾಮಗಳ ಸುಮಾರು 13,000 ಎಕರೆ ಭೂಮಿಯಲ್ಲಿ ವಿದ್ಯುತ್ತಾಯಿತು. 2018ರಲ್ಲಿ ಉದ್ಘಾಟನೆಯಾದ ಅಲ್ಲಿನ ಸೌರ ಉದ್ಯಾನದ ಸಾಮರ್ಥ್ಯ 2,050 ಮೆಗಾವ್ಯಾಟ್. ರೈತರು ಭೂಮಿಯನ್ನು ಮಾರಲಿಲ್ಲ. ಎಕರೆಗೆ ವರ್ಷಕ್ಕೆ 21,000 ರೂಪಾಯಿಗಳಿಂದ ಆರಂಭವಾದ ಗುತ್ತಿಗೆಗೆ ಕೊಟ್ಟರು. ಆದರೆ ಈ ಆಟದಲ್ಲಿ ಕೈಯಲ್ಲಿ ಎಲೆಯೇ ಇಲ್ಲದವರೂ ಇದ್ದರು. ಭೂಮಿಯಿಲ್ಲದೆ ಅದೇ ಹೊಲಗಳಲ್ಲಿ ಕೂಲಿ ಮಾಡುತ್ತಿದ್ದವರಿಗೆ ಗುತ್ತಿಗೆಯ ಹಣ ಬರಲಿಲ್ಲ, ಕೂಲಿಯೂ ತಪ್ಪಿತು. ಬಂದ ಎಲೆಯನ್ನು ಚೆನ್ನಾಗಿ ಆಡು ಎನ್ನುವ ನೀತಿ, ಎಲೆ ಬಾರದವನ ಮುಂದೆ ಪೂರ್ಣವಾಗುವುದಿಲ್ಲ. ಅಲ್ಲಿ ಹಂಚಿಕೆಯನ್ನೇ ನೇರ್ಪುಗೊಳಿಸಬೇಕಾದುದು ಸಮಾಜದ ಹೊಣೆ.

ಇನ್ನೂ ಒಂದು ಅಂತರವುಂಟು. ಫೋನಿನ ಆಟದಲ್ಲಿ ಸೋತವನಿಗೆ ಮರುಗಳಿಗೆಯೇ ಹೊಸ ಕಟ್ಟು ಸಿದ್ಧವಾಗಿರುತ್ತದೆ. ಬೇಸಾಯಗಾರನಿಗೆ ವರ್ಷಕ್ಕೆ ಒಂದೇ ಹಂಚಿಕೆ. ಆಟದ ಸೋಲಿನಲ್ಲಿ ಕಳೆಯುವುದು ಒಂದಿಷ್ಟು ಹೊತ್ತು. ಹೊಲದ ಸೋಲಿನಲ್ಲಿ ಬೀಜ, ಗೊಬ್ಬರ, ಸಾಲ, ಮನೆಮಂದಿಯ ಊಟ ಎಲ್ಲವೂ ಪಣಕ್ಕೆ ಬಿದ್ದಿರುತ್ತವೆ. ಆದುದರಿಂದಲೇ ಅವನು ಬೇಡದ ಜೂಜನ್ನು ಹುಡುಕಿಕೊಂಡು ಹೋಗುವುದಿಲ್ಲ. ತಪ್ಪಿಸಲಾಗದ ಅದೃಷ್ಟವನ್ನು ಎದುರಿಸುವುದು ಧೈರ್ಯ; ಹಣ ತೆತ್ತು ಅದೃಷ್ಟವನ್ನು ಕೊಳ್ಳಹೋಗುವುದು ಮರುಳು. ಧರ್ಮರಾಯನಂಥವನೇ ಈ ಎರಡರ ನಡುವಣ ಗೆರೆಯನ್ನು ಮರೆತು ರಾಜ್ಯವನ್ನು ಕಳೆದುಕೊಂಡನು.

ಆ ಸಂಜೆ ಹುಡುಗನು ಮತ್ತೆ ಹಣದ ಮಾತೆತ್ತಲಿಲ್ಲ. ವಿಜ್‌ಬ್ಯಾಂಗನ್ನು ಆರಿಸಿ ಒಂದು ಆಟವಾಡಿದನು. ತಾತ ಪಕ್ಕದಲ್ಲಿಯೇ ಕುಳಿತು ನೋಡಿದರು. ಈ ಸಲ ಬಂದದ್ದು ಅವನು ಎಂದೂ ಆಡಿರದ ಕಟ್ಟು. ಹಿಂದೆಲ್ಲ ಅಂಥ ಕಟ್ಟು ಬಂದರೆ ಅರ್ಧದಲ್ಲಿಯೇ ಕೈಬಿಡುತ್ತಿದ್ದನು. ಈ ಬಾರಿ ಒಂದೊಂದು ಎಲೆಯ ಬರಹವನ್ನೂ ನಿಧಾನವಾಗಿ ಓದಿದನು. ಯಾವುದನ್ನು ಈಗ ಇಳಿಸಬೇಕು, ಯಾವುದನ್ನು ಉಳಿಸಿಕೊಳ್ಳಬೇಕು ಎಂದು ಯೋಚಿಸಿದನು. ಕೊನೆಗೆ ಸೋತನು. ಆದರೆ ಕೊನೆಯವರೆಗೂ ಆಡಿ ಸೋತನು. “ಇನ್ನೊಂದು ಸುತ್ತು ಸಿಕ್ಕಿದ್ದರೆ ಗೆಲ್ಲುತ್ತಿದ್ದೆ ತಾತ” ಎಂದು ಹೇಳುವಾಗ ಅವನ ಮುಖದಲ್ಲಿ ಸಿಟ್ಟಿರಲಿಲ್ಲ.

ಶಾಲೆ ತೆರೆಯಿತು, ಹುಡುಗ ಮಧುಗಿರಿಗೆ ಹಿಂದಿರುಗಿದನು. ಆ ವರ್ಷ ರೋಹಿಣಿ ಒಣಗಿತು, ಮೃಗಶಿರವೂ ಒಣಗಿತು. ಪುನರ್ವಸು ಕಳೆದ ಮೇಲೆ ಒಂದು ಹದಮಳೆಯಾಗಿ ಕಡಲೆಕಾಯಿ ನೆಲ ಸೇರಿತು. ಅರ್ಧ ಹೊಲಕ್ಕೆ ಬೀಜ ಸಾಲದೆ ಉಳಿದದ್ದಕ್ಕೆ ಮಘೆ ಮಳೆಯಲ್ಲಿ ಹುರುಳಿ ಬಿದ್ದಿತು. ಒಂದು ಭಾನುವಾರ ಹುಡುಗನು ಫೋನಿನಲ್ಲಿ ವಿಚಾರಿಸಿದನು:

“ತಾತ, ಹೊಲ ಹೇಗಿದೆ?”

“ಕಡಲೆಕಾಯಿ ಅಷ್ಟಕ್ಕಷ್ಟೆ ಕಣಪ್ಪಾ. ತೊಗರಿ ಎದ್ದಿದೆ, ಹುರುಳಿ ಹಬ್ಬುತ್ತಿದೆ. ಬಂದ ಎಲೆಯಲ್ಲಿ ಆಡುತ್ತಿದ್ದೇನೆ” ಎಂದರು ತಾತ.