ಪೊವೇಲ್ಯ ಎಂಬ ಪಾಳು ದ್ವೀಪ

ಷೇಕ್ಸ್‌ಪಿಯರನ ನಾಟಕದಿಂದಾಗಿ ವೆನಿಸ್ ನಗರ ನಮಗೆಲ್ಲ ಪರಿಚಿತವೇ. ಅದರ ದಕ್ಷಿಣಕ್ಕೆ, ಕಡಲ ಹಿನ್ನೀರಿನ ನಡುವೆ, ಪೊವೇಲ್ಯ ಎಂಬ ಪುಟ್ಟ ದ್ವೀಪವಿದೆ. ಯುವ ಮಿತ್ರರೇ, ನಿಮ್ಮಲ್ಲಿ ಕೆಲವರು ಅದನ್ನು 'ದೆವ್ವದ ದ್ವೀಪ'ವೆಂದು ಕೇಳಿರಬಹುದು. ಅದರ ನಿಜವಾದ ಕಥೆ ಮನುಷ್ಯರದು.

ಒಂದು ಕಾಲಕ್ಕೆ ಅಲ್ಲಿ ತುಂಬಿದ ಊರಿತ್ತು. 1379ರಲ್ಲಿ ಜಿನೋವಾದೊಡನೆ ಯುದ್ಧ ನಡೆದಾಗ ಊರವರನ್ನು ವೆನಿಸ್ಸಿನ ಜುದೆಕ್ಕಾಕ್ಕೆ ಸಾಗಿಸಲಾಯಿತು. 1793ರಲ್ಲಿ ಎರಡು ಹಡಗುಗಳಲ್ಲಿ ಪ್ಲೇಗ್ ಕಾಣಿಸಿಕೊಂಡಾಗ, ರೋಗಿಗಳನ್ನು ಇಲ್ಲಿ ಪ್ರತ್ಯೇಕವಾಗಿ ಇರಿಸಿದರು. 'ಕ್ವಾರಂಟೈನ್' ಎಂಬ ಮಾತು ಬಂದದ್ದೇ ವೆನಿಸ್ಸಿನ ಜನರ 'ನಲವತ್ತು ದಿನ' ಎಂಬ ಪದದಿಂದ. ಮುಂದೆ ಚರ್ಚು ನೆಲಸಮವಾಗಿ, ಅದರ ಗಂಟೆಗೋಪುರ ಹಡಗುಗಳಿಗೆ ದೀಪಸ್ತಂಭವಾಯಿತು. ಕೊನೆಗೆ ಉಳಿದಿದ್ದ ವೃದ್ಧರ ಆರೈಕೆಯ ಕೇಂದ್ರವೂ 1968ರಲ್ಲಿ ಮುಚ್ಚಿತು.

2014ರಲ್ಲಿ ಸರ್ಕಾರ ದ್ವೀಪವನ್ನು 99 ವರ್ಷಗಳ ಗುತ್ತಿಗೆಗೆ ಹರಾಜಿಗಿಟ್ಟಿತು. ಆಗ ಸುತ್ತಲಿನ ಜನ ಒಂದು ಸಂಘ ಕಟ್ಟಿ, ತಲೆಗೆ 99 ಯೂರೋದಂತೆ ಹಣ ಕೂಡಿಸಿದರು. ಅಂದು ಕೈಗೂಡದಿದ್ದರೂ ಪಟ್ಟು ಬಿಡಲಿಲ್ಲ. 2025ರಲ್ಲಿ ದ್ವೀಪದ ಉತ್ತರ ಭಾಗ 6 ವರ್ಷಗಳ ಮಟ್ಟಿಗೆ ಅವರಿಗೆ ದೊರೆಯಿತು. ಎಲ್ಲರಿಗೂ ತೆರೆದಿರುವ ಉದ್ಯಾನ ಮಾಡಬೇಕೆಂಬುದು ಅವರ ಆಸೆ.

ರಜೆಯಲ್ಲಿ ಅಜ್ಜಿಯ ಊರಿಗೆ ಹೋದಾಗ ಪಾಳುಮನೆಯೊಂದರ ದೆವ್ವದ ಕಥೆ ಕೇಳಿದಿರಾದರೆ ನೀವೂ ವಿಚಾರಿಸಿ: ಅಲ್ಲಿ ಯಾರಿದ್ದರು? ಏಕೆ ಬಿಟ್ಟು ಹೋದರು?