ನೇತ್ರಾವತಿಯ ತಡಿಯ ಸ್ಯಾಕ್ಸೊಫೋನು

ಮಂಗಳೂರಿನಿಂದ ಮೂಡಲಾಗಿ ಸುಮಾರು ೨೫ ಕಿಲೋಮೀಟರು ಸಾಗಿದರೆ ನೇತ್ರಾವತಿಯ ದಡದಲ್ಲಿ ಬಂಟ್ವಾಳವು ದೊರೆಯುವುದು. ಘಟ್ಟದ ಮೇಲಣ ಕಾಫಿಯು ಒಂದು ಕಾಲದಲ್ಲಿ ಇಲ್ಲಿಗಿಳಿದು, ದೋಣಿಯೇರಿ ಕಡಲಿಗೆ ಹೋಗುತ್ತಿತ್ತು. ಪೇಟೆಯ ಹಳೆಯ ಹಂಚಿನ ಮಾಡುಗಳನ್ನೂ ಇಕ್ಕಟ್ಟಾದ ಅಂಗಡಿಬೀದಿಯನ್ನೂ ನೋಡಿದರೆ ಆ ವ್ಯಾಪಾರದ ನೆನಪಾಗದಿರದು. ಪಾಣೆಮಂಗಳೂರಿನಲ್ಲಿ ಸೇತುವೆಯನ್ನು ದಾಟಿ ತೆಂಕಣ ದಡವನ್ನು ಸೇರಿದೆವು. ಅಲ್ಲಿ ಸಜೀಪವೆಂಬ ಸೀಮೆಯಿದೆ. ತುಳುವಿನಲ್ಲಿ ಮೂಡವೆಂದರೆ ಪೂರ್ವ, ಪಡುವೆಂದರೆ ಪಶ್ಚಿಮ. ಸಜೀಪಮೂಡ, ಸಜೀಪನಡು, ಸಜೀಪಪಡು, ಸಜೀಪಮುನ್ನೂರು ಎಂಬುದಾಗಿ ಒಂದೇ ಹೆಸರನ್ನು ನಾಲ್ಕು ಗ್ರಾಮಗಳು ಹಂಚಿಕೊಂಡಿವೆ. ಅಡಕೆ, ತೆಂಗು, ಕೆಂಪು ಮುರಕಲ್ಲಿನ ಗೋಡೆ, ತೋಡಿನ ನೀರು. ಇವುಗಳ ಹೊರತು ದಾರಿಹೋಕನ ಕಣ್ಣಿಗೆ ಬೀಳುವ ವಿಶೇಷವೇನೂ ಇಲ್ಲ.

ಆದರೂ ನಾವು ಅಲ್ಲಿಗೆ ಹೋದುದಕ್ಕೆ ಕಾರಣವಿತ್ತು. ಸಂಗೀತಪ್ರಪಂಚವು ಕದ್ರಿ ಗೋಪಾಲನಾಥರೆಂದು ಬಲ್ಲ ಮಹನೀಯರು ೧೯೪೯ರಲ್ಲಿ ಜನಿಸಿದುದು ಈ ಸಜೀಪಮೂಡದಲ್ಲಿ. ತಂದೆ ತನಿಯಪ್ಪನವರು ನಾಗಸ್ವರದ ವಿದ್ವಾಂಸರು. ಹುಡುಗನ ಕೈಗೆ ಮೊದಲು ಬಂದುದೂ ನಾಗಸ್ವರವೇ. ಒಮ್ಮೆ ಮೈಸೂರಿನ ಅರಮನೆಯ ಬ್ಯಾಂಡಿನಲ್ಲಿ ಸ್ಯಾಕ್ಸೊಫೋನನ್ನು ಕೇಳಿದ ಬಾಲಕನಿಗೆ ಅದರ ನಾದವು ಹಿಡಿದುಬಿಟ್ಟಿತು. ಆ ಹಿತ್ತಾಳೆಯ ಕೊಳವೆಯಲ್ಲಿ ತ್ಯಾಗರಾಜರ ಕೃತಿಗಳನ್ನು ನುಡಿಸಬೇಕೆಂಬ ಹಂಬಲವು ಕೈಗೂಡಲು ಸುಮಾರು ಇಪ್ಪತ್ತು ವರ್ಷಗಳ ಸಾಧನೆ ಬೇಕಾಯಿತು. ಮಂಗಳೂರಿನ ಕಲಾನಿಕೇತನದ ಗೋಪಾಲಕೃಷ್ಣ ಅಯ್ಯರವರೂ ತರುವಾಯ ಮದರಾಸಿನಲ್ಲಿ ಟಿ. ವಿ. ಗೋಪಾಲಕೃಷ್ಣನ್‌ರವರೂ ಅವರಿಗೆ ಗುರುಗಳಾದರು.

ಇಪ್ಪತ್ತು ವರ್ಷವೇಕೆ ಬೇಕಾಯಿತೆಂಬುದನ್ನು ತಿಳಿಯಬೇಕಾದರೆ ಆ ವಾದ್ಯದ ಪೂರ್ವಕಥೆಯನ್ನು ತುಸು ಹೇಳಬೇಕು. ಬೆಲ್ಜಿಯಂ ದೇಶದ ಅಡಾಲ್ಫ್ ಸ್ಯಾಕ್ಸನೆಂಬ ಶಿಲ್ಪಿಯು ಇದನ್ನು ನಿರ್ಮಿಸಿ ೧೮೪೬ರಲ್ಲಿ ಪ್ಯಾರಿಸಿನಲ್ಲಿ ಹಕ್ಕುಪತ್ರವನ್ನು ಪಡೆದನು. ಅದು ಮುಖ್ಯವಾಗಿ ಸೈನ್ಯದ ಬ್ಯಾಂಡುಗಳಿಗೆ ಸಲ್ಲುವ ವಾದ್ಯವಾಗಿತ್ತು. ಅದಕ್ಕೆ ಹೃದಯವನ್ನಿತ್ತವರು ಅಮೆರಿಕೆಯ ಕರಿಯ ಜನರು. ಮಿಸಿಸಿಪ್ಪಿ ನದಿಯ ತಡಿಯ ನ್ಯೂ ಆರ್ಲಿಯನ್ಸ್ ಪಟ್ಟಣದಲ್ಲಿ, ಆಫ್ರಿಕದಿಂದ ಸೆರೆತಂದ ದಾಸರೂ ಅವರ ಮಕ್ಕಳೂ ಭಾನುವಾರಗಳಲ್ಲಿ ಕಾಂಗೋ ಚೌಕವೆಂಬ ಬಯಲಿನಲ್ಲಿ ನೆರೆದು ತಮ್ಮ ನಾಡಿನ ತಾಳಗಳನ್ನು ಬಾರಿಸಿ ಕುಣಿಯುತ್ತಿದ್ದರು. ೧೮೬೫ರಲ್ಲಿ ದಾಸ್ಯವು ಕೊನೆಗೊಂಡಿತು. ಹೊಲದ ದುಡಿಮೆಯ ಹಾಡು, ಇಗರ್ಜಿಯ ಭಜನೆ, ಬ್ಲೂಸ್ ಎಂಬ ದುಃಖದ ಗೀತ, ಬೀದಿಯ ಬ್ಯಾಂಡು, ಇವೆಲ್ಲವೂ ಆ ಪಟ್ಟಣದಲ್ಲಿ ಕೂಡಿ ಇಪ್ಪತ್ತನೆಯ ಶತಮಾನದ ಆದಿಯಲ್ಲಿ ಜಾಜ್ ಎಂಬ ಸಂಗೀತವಾಯಿತು. ೧೯೧೭ರಲ್ಲಿ ಅದರ ಮೊದಲ ಧ್ವನಿಮುದ್ರಿಕೆ ಹೊರಬಂತು. ವಿಪರ್ಯಾಸವೆಂದರೆ ಅದರಲ್ಲಿ ನುಡಿಸಿದವರು ಬಿಳಿಯರು!

ಜಾಜ್ ಎಂದರೆ ಬರಿಯ ಗದ್ದಲವೆಂದು ನಮ್ಮ ಮನೆಗಳಲ್ಲಿ ಹಿರಿಯರು ಮೂಗುಮುರಿಯುವುದುಂಟು. ಅವರು ಒಮ್ಮೆ ಸಾವಧಾನವಾಗಿ ಕೇಳಬೇಕು. ಬ್ಲೂಸಿನಲ್ಲಿ ಹನ್ನೆರಡು ಅಳತೆಗಳ ಒಂದು ಚಕ್ರವಿದೆ. ಅಳತೆಗೆ ನಾಲ್ಕು ಎಣಿಕೆ. ನಮ್ಮ ಆವರ್ತನದಂತೆ ಅದು ತಿರುತಿರುಗಿ ಬರುತ್ತಿರಲು, ವಾದಕನು ಅದರ ಮೇಲೆ ಆ ಕ್ಷಣದಲ್ಲಿ ಹೊಳೆದುದನ್ನು ಹೆಣೆಯುತ್ತಾನೆ. ನಮ್ಮಲ್ಲಿ ಮನೋಧರ್ಮಕ್ಕೆ ರಾಗವೇ ಕಟ್ಟು; ಅವರಲ್ಲಿ ಒಟ್ಟಿಗೆ ಮೀಟುವ ಸ್ವರಗುಚ್ಛಗಳ ಸರಣಿಯು ಕಟ್ಟು. ಎಣಿಕೆಯಲ್ಲಿ ಒಂದು ಮೂರರ ಮೇಲೆ ಬೀಳಬೇಕಾದ ಒತ್ತು ಎರಡು ನಾಲ್ಕಕ್ಕೆ ಜರುಗುವುದರಿಂದ ಕೇಳುಗನ ಕಾಲು ತಾನಾಗಿಯೇ ಮಿಡಿಯುತ್ತದೆ.

ಇದೆಲ್ಲಕ್ಕಿಂತ ಮಿಗಿಲಾದುದು ಅವರು ಬ್ಲೂ ನೋಟ್ ಎಂದು ಕರೆವ ಬಾಗಿದ ಸ್ವರ. ಗಾಂಧಾರವನ್ನು ಹಿಡಿದವರು ಸಾಧಾರಣ ಗಾಂಧಾರದಲ್ಲಿಯೂ ನಿಲ್ಲರು, ಅಂತರ ಗಾಂಧಾರದಲ್ಲಿಯೂ ನಿಲ್ಲರು. ನಡುವೆ ಎಲ್ಲಿಯೋ ಅಳುಕುತ್ತ ಜಾರುವರು. ಪಿಯಾನೋದ ಮನೆಗಳಲ್ಲಿ ಅದಕ್ಕೆ ಸ್ಥಳವಿಲ್ಲ. ಸ್ಯಾಕ್ಸೊಫೋನಿನ ಇಪ್ಪತ್ತಕ್ಕೆ ಮೀರಿದ ರಂಧ್ರಗಳೂ ಒಂದೊಂದು ಸ್ಥಿರ ಸ್ವರಕ್ಕಾಗಿ ಕೊರೆದವೇ. ಆದರೆ ಬಾಯಲ್ಲಿ ಹಿಡಿವ ಒಂಟಿ ಪೀಪಿಯ ಮೇಲೆ ತುಟಿಯ ಒತ್ತಡವನ್ನು ಸಡಿಲಿಸಿ ಬಿಗಿದರೆ ಸ್ವರವು ಬಾಗುತ್ತದೆ. ಜಾಜ್ ವಾದಕರು ಈ ಗುಟ್ಟನ್ನು ಸಿದ್ಧಿಸಿಕೊಂಡರು.

ಗೋಪಾಲನಾಥರ ತೊಡಕೂ ಇದೇ ಆಗಿತ್ತೆಂಬುದನ್ನು ವಾಚಕರು ಈಗ ಊಹಿಸಬಲ್ಲರು. ನಾಗಸ್ವರದ ತೂತುಗಳನ್ನು ಬೆರಳೇ ಮುಚ್ಚುವುದರಿಂದ ಅರೆಮುಚ್ಚಿ, ಸರಿಸಿ ಗಮಕವನ್ನು ತೆಗೆಯಬಹುದು. ಸ್ಯಾಕ್ಸೊಫೋನಿನಲ್ಲಿ ಬೆರಳಿಗೂ ತೂತಿಗೂ ನಡುವೆ ಕೀಲಿಯೂ ಮೆತ್ತೆಯೂ ಬಂದು ಕುಳಿತಿವೆ. ತೋಡಿಯ ಗಾಂಧಾರವನ್ನು ಅಲ್ಲಿ ಅಲುಗಿಸುವುದೆಂತು? ತುಟಿ, ದವಡೆ, ಉಸಿರು, ಇವುಗಳಿಂದಲೇ ಅದನ್ನು ಸಾಧಿಸಬೇಕು. ದಾಸರ ಮೊಮ್ಮಕ್ಕಳು ಅಳಲನ್ನು ಹೇಳಲು ಕಂಡುಕೊಂಡ ದಾರಿಯನ್ನು ತುಳುನಾಡಿನ ನಾಗಸ್ವರದವರ ಮಗನು ರಾಗಕ್ಕಾಗಿ ಬೇರೆಯಾಗಿಯೇ ಕಂಡುಕೊಂಡನೆಂಬುದು ನಮಗೆ ಬಹಳ ಸೋಜಿಗದ ಸಂಗತಿ. ೧೯೮೦ರಲ್ಲಿ ಮುಂಬಯಿಯ ಜಾಜ್ ಉತ್ಸವದಲ್ಲಿ ಕ್ಯಾಲಿಫೋರ್ನಿಯದ ಜಾನ್ ಹ್ಯಾಂಡಿಯವರು ಇವರನ್ನು ಕೇಳಿ, ವೇದಿಕೆಯಲ್ಲಿ ತಾವೂ ಜತೆಗೂಡಿದರು. ೧೯೯೪ರಲ್ಲಿ ಲಂಡನಿನ ಪ್ರಾಮನೇಡ್ ಕಚೇರಿಗೆ ಕರೆಬಂತು, ೨೦೦೪ರಲ್ಲಿ ಪದ್ಮಶ್ರೀ. ಭಾರತೀಯ ತಂದೆತಾಯಿಗಳ ಮಗನಾಗಿ ಅಮೆರಿಕೆಯಲ್ಲಿ ಬೆಳೆದ ಜಾಜ್ ವಾದಕ ರುದ್ರೇಶ ಮಹಂತಪ್ಪನವರಿಗೆ ಅವರ ಅಣ್ಣನು ಗೋಪಾಲನಾಥರ ಮುದ್ರಿಕೆಯೊಂದನ್ನು ತಮಾಷೆಗೆಂದು ಕೊಟ್ಟಿದ್ದನಂತೆ. ತಮಾಷೆಯು ಗುರುತ್ವವನ್ನು ತಾಳಿ, ಇಬ್ಬರೂ ಕೂಡಿ ನುಡಿಸಿದ ಮುದ್ರಿಕೆಯು ೨೦೦೮ರಲ್ಲಿ ಪ್ರಕಟವಾಯಿತು. ಅದರ ಹೆಸರು ಕಿನ್ಸ್‌ಮೆನ್, ಅರ್ಥಾತ್ ನೆಂಟರು. ಗೋಪಾಲನಾಥರು ೨೦೧೯ರ ಅಕ್ಟೋಬರ್ ೧೧ರಂದು ಮಂಗಳೂರಿನಲ್ಲಿ ತೀರಿಕೊಂಡರು.

ಸಜೀಪದಿಂದ ಹಿಂತಿರುಗಿ ಬೆಳ್ತಂಗಡಿಯ ದಾರಿ ಹಿಡಿದೆವು. ಪುಂಜಾಲಕಟ್ಟೆಯನ್ನು ಕಳೆದ ಮೇಲೆ ಮುಂದೆ ಘಟ್ಟದ ನೀಲಿಯು ಕಾಣತೊಡಗುವುದು. ಈ ಗದ್ದೆಗಳಲ್ಲಿ ನಾಟಿಯ ದಿನಗಳಲ್ಲಿ ಹೆಂಗಸರು ಬಾಗಿ ನಿಂತು ಪಾಡ್ದನಗಳನ್ನೂ ಓಬೇಲೆಗಳನ್ನೂ ಹಾಡುತ್ತಿದ್ದರು. ಒಬ್ಬಳು ಎತ್ತಿಕೊಟ್ಟುದನ್ನು ಉಳಿದವರು ಮರುನುಡಿಯುವರು. ಅಮೆರಿಕೆಯ ಹತ್ತಿಯ ಹೊಲದಲ್ಲಿಯೂ ಪದ್ಧತಿಯು ಇದೇ ಆಗಿದ್ದಿತು. ಅವೆರಡಕ್ಕೂ ಸಂಬಂಧವನ್ನು ಕಲ್ಪಿಸುವುದು ಅತಿರೇಕವಾದೀತು. ಬೆನ್ನು ಬಗ್ಗಿಸಿ ದುಡಿವವರಿಗೆ ಜತೆಯ ದನಿ ಬೇಕೆನಿಸುವುದೊಂದೇ ಸಂಬಂಧ. ಈಗ ಗದ್ದೆಗಳು ಅನೇಕ ಕಡೆ ಅಡಕೆಯ ತೋಟಗಳಾಗಿವೆ, ಅಡಕೆಯ ತೋಟದಲ್ಲಿ ನಾಟಿಯ ಹಾಡಿಗೆಲ್ಲಿ ಎಡೆ?

ಗುರುವಾಯನಕೆರೆಯ ಬಳಿ ಮದುವೆಯ ಮಂಟಪವೊಂದರಿಂದ ಮಂಗಳವಾದ್ಯವು ಕೇಳಿಬಂದುದರಿಂದ ಬಂಡಿಯನ್ನು ನಿಲ್ಲಿಸಿದೆವು. ಡೋಲಿನ ಪಕ್ಕದಲ್ಲಿ ಎರಡು ಸ್ಯಾಕ್ಸೊಫೋನುಗಳಿದ್ದವು. ನುಡಿಸುತ್ತಿದ್ದವರಲ್ಲಿ ಒಬ್ಬಳು ತರುಣಿ. ಇಂದು ಈ ಸೀಮೆಯ ಮದುವೆ, ದೇವರ ಬಲಿ, ಭೂತದ ಕೋಲ ಎಲ್ಲೆಡೆಗೂ ಈ ವಾದ್ಯವು ಬಂದಿದೆ. ಹೆಣ್ಣುಮಕ್ಕಳೂ ಇದನ್ನು ಕಲಿತು ಜೀವಿಸುತ್ತಿರುವರು. ದೇವಾಲಯದ ಊಳಿಗವೆಂದು ವಂಶಪರಂಪರೆಯಾಗಿ ಬಂದ ಕೆಲಸಕ್ಕೆ ಕಚೇರಿಯ ಮಾನವು ದೊರೆತುದು ಸಣ್ಣ ಸಂಗತಿಯಲ್ಲ. ಆದರೆ ನಾಗಸ್ವರವೆಲ್ಲಿ? ಅದಕ್ಕೆ ಬೇಕಾದ ಎದೆಯ ಬಲವು ಹೆಚ್ಚು, ಕಲಿಸುವವರು ಕಡಿಮೆ. ಅಪ್ಪನ ವಾದ್ಯದ ಪಾಠವನ್ನು ಹೊತ್ತುಕೊಂಡೇ ಮಗನು ಹೊಸದನ್ನು ಗೆದ್ದನು. ಇಂದಿನ ಕಿರಿಯರಲ್ಲಿ ಹಲವರು ಆ ಪಾಠವಿಲ್ಲದೆ ನೇರವಾಗಿ ಚಿತ್ರಗೀತೆಗೆ ಇಳಿಯುವುದನ್ನು ಕೇಳಿ ನಮಗೆ ಕೊಂಚ ಕಸಿವಿಸಿಯಾಯಿತು.

ವೇಣೂರಿನಲ್ಲಿ ೧೬೦೪ರ ಬಾಹುಬಲಿಯನ್ನು ಕಂಡು, ಹೊತ್ತು ಇಳಿವಾಗ ಮೂಡಬಿದಿರೆಯನ್ನು ಸೇರಿದೆವು. ಸಾವಿರ ಕಂಬದ ಬಸದಿಯು ೧೪೩೦ರಲ್ಲಿ ಕಟ್ಟಿದುದು. ಕೆತ್ತನೆಯು ಕಂಬಕಂಬಕ್ಕೆ ಬೇರೆ. ಶಿಲ್ಪಿಯ ಮನೋಧರ್ಮವೂ ವಾದಕನದರಂತೆ. ಭೈರಾದೇವಿ ಮಂಟಪದ ಅಡಿಗಟ್ಟಿನಲ್ಲಿ ಬಗ್ಗಿ ನೋಡಿದರೆ ಚೀನದ ನಾಗನಿರುವನು. ಅವನ ಸಮೀಪದಲ್ಲಿಯೇ ನೀಳ್ಗೊರಳಿನ ಜಿರಾಫೆಯೂ ಇದೆ. ಆಫ್ರಿಕದ ಆ ಪ್ರಾಣಿಯ ಸುದ್ದಿಯು ಕಡಲ ವ್ಯಾಪಾರದೊಡನೆ ಬಂದಿರಬೇಕು. ನಾವು ಅದರ ಮುಂದೆ ನಿಂತಿರುವಾಗ ಪೇಟೆಯ ಕಡೆಯಿಂದ ಯಾವುದೋ ಮೆರವಣಿಗೆಯ ವಾದ್ಯವು ಕೇಳಿಸಿತು. ರಾಗವು ಹಿಂದೋಳ, ಕೊಳವೆಯು ಹಿತ್ತಾಳೆಯದು.