ರಿಜಿಸ್ಟರಿಗೆ ಸಿಗದ ಪುಸ್ತಕ

ಬೆಂಗಳೂರಿನ ಸಾರಕ್ಕಿ ಗೇಟಿನ ಆಸುಪಾಸಿನ ಗೋಡೆಗಳೇ ಒಂದು ಕಾಲಕ್ಕೆ ನಮ್ಮ ಲೈಂಗಿಕ ಶಿಕ್ಷಣದ ಕಪ್ಪುಹಲಗೆ. ‘ಗುಪ್ತರೋಗ, ನಿಶ್ಶಕ್ತಿ’ ಎಂದು ಸುಣ್ಣದ ಮೇಲೆ ನೀಲಿಯಲ್ಲಿ ಬರೆದು, ಕೆಳಗೆ ಯಾವುದೋ ಲಾಡ್ಜಿನ ರೂಮು ನಂಬರು. ಓದಿಯೂ ಓದದವರ ಹಾಗೆ ಬಸ್ಸು ಕಾಯುವುದು ನಮಗೆಲ್ಲ ಕರಗತವಾಗಿತ್ತು.

ಆಗ ನಾನು ಡಿಗ್ರಿ ಓದುತ್ತ, ಸಂಜೆ ಹೊತ್ತು ಮಾರ್ಕೆಟ್ಟಿನ ಹಿಂದಿನ ಸರ್ಕ್ಯುಲೇಟಿಂಗ್ ಲೈಬ್ರರಿಯಲ್ಲಿ ಕೂರುತ್ತಿದ್ದೆ. ತ್ರಿವೇಣಿ, ಎಂ.ಕೆ. ಇಂದಿರಾ, ಸಾಯಿಸುತೆ ಇವರಿಗೆಲ್ಲ ಕಪಾಟಿನಲ್ಲಿ ನಿಲ್ಲಲು ಪುರುಸೊತ್ತಿರಲಿಲ್ಲ. ಅದೇ ಸಾಲಿನಲ್ಲಿ, ಗಂಡಹೆಂಡಿರ ಲೈಂಗಿಕ ಬಾಳಿನ ಬಗ್ಗೆ ಡಾ. ಅನುಪಮಾ ನಿರಂಜನ ಬರೆದ ‘ದಾಂಪತ್ಯ ದೀಪಿಕೆ’. ರಿಜಿಸ್ಟರಿನ ಪ್ರಕಾರ ಅದನ್ನು ಒಬ್ಬರೂ ಒಯ್ದಿಲ್ಲ. ಪುಸ್ತಕವೋ, ಹೊಲಿಗೆ ಬಿಚ್ಚಿ, ಹಾಳೆಯ ಮೂಲೆಗಳು ಮಡಚಿ, ನಡುವಿನ ಒಂದಷ್ಟು ಪುಟ ಹೆಬ್ಬೆರಳಿನ ಜಿಡ್ಡಿಗೆ ಕಂದಿಹೋಗಿತ್ತು. ಕಪಾಟಿಗೆ ಮುಖ ಮಾಡಿ ನಿಂತೇ ಓದಿ, ಇಂದಿರಾ ಅವರ ಕಾದಂಬರಿ ಬರೆಸಿಕೊಂಡು ಹೋಗುವವರ ಕೆಲಸ! ಮಾಲೀಕರಿಗೂ ಗೊತ್ತಿತ್ತು. ಅದನ್ನು ಗಟ್ಟಿ ರಟ್ಟಿಗೆ ಬೈಂಡ್ ಮಾಡಿಸಿ, ಬೆನ್ನ ಮೇಲೆ ಹೆಸರು ಬರೆಸದೆ ಬಿಟ್ಟರು.

ಅನುಪಮಾ ತೀರ್ಥಹಳ್ಳಿಯಲ್ಲಿ 1934ರಲ್ಲಿ ವೆಂಕಟಲಕ್ಷ್ಮಿಯಾಗಿ ಹುಟ್ಟಿದವರು. ಧಾರವಾಡದಲ್ಲೂ ಬೆಂಗಳೂರಿನಲ್ಲೂ ವೈದ್ಯೆಯಾಗಿ ದುಡಿದರು. ಲೈಂಗಿಕ ತಜ್ಞೆ ಎಂಬ ಬೋರ್ಡು ಹಾಕಿಕೊಂಡವರಲ್ಲ. ಆದರೂ ‘ವಧುವಿಗೆ ಕಿವಿಮಾತು’, ‘ಕೇಳು ಕಿಶೋರಿ’, ‘ತಾಯಿ ಮಗು’ ಎಂದು ಹೆಣ್ಣಿನ ಒಂದೊಂದು ವಯಸ್ಸಿಗೂ ಒಂದೊಂದು ಪುಸ್ತಕ ಬರೆದಿಟ್ಟರು.

ದಾಂಪತ್ಯದ ಈ ವಿಷಯ ನಮ್ಮ ನಾಡಿಗೆ ಹೊಸದೇನೂ ಆಗಿರಲಿಲ್ಲ. ಮುಂಬೈಯಲ್ಲಿ ರ.ಧೋ. ಕರ್ವೆ 1921ರಲ್ಲೇ ಸಂತಾನ ನಿಯಂತ್ರಣದ ಕ್ಲಿನಿಕ್ ತೆರೆದು ಬೈಸಿಕೊಂಡಿದ್ದರು. ಮೈಸೂರು ಸಂಸ್ಥಾನವಂತೂ 1930ರಲ್ಲಿ ಸರ್ಕಾರದ ಖರ್ಚಿನಲ್ಲೇ ಅಂಥ ಕ್ಲಿನಿಕ್‌ಗಳಿಗೆ ಅಪ್ಪಣೆ ಕೊಟ್ಟಿತು. ಮಹಾರಾಜರ ಸರ್ಕಾರ ಬಾಗಿಲು ತೆರೆದರೂ ಒಳಗೆ ಹೋಗಿ ಕೇಳಲು ಬಾಯಿ ಬರಬೇಕಲ್ಲ!

ಆ ಬಾಯಿ ಬರಿಸಿದ್ದು, ನನ್ನ ಪ್ರಕಾರ, ಅನುಪಮಾ ಅವರ ವೈದ್ಯಕೀಯ ಪದವಿಗಿಂತ ಹೆಚ್ಚಾಗಿ ‘ದಿನಕ್ಕೊಂದು ಕಥೆ’. ವರ್ಷವಿಡೀ ಮಕ್ಕಳಿಗೆ ಹೇಳುವಷ್ಟು ಕಥೆಗಳನ್ನು ಹನ್ನೆರಡು ಸಂಪುಟಗಳಲ್ಲಿ ಕಟ್ಟಿಕೊಟ್ಟ ಲೇಖಕಿ ಅವರು. ಮಗುವಿಗೆ ಅವರ ಕಥೆ ಹೇಳಿ ಮಲಗಿಸಿದ ತಾಯಿ, ಅದೇ ಲೇಖಕಿಯ ಇನ್ನೊಂದು ಪುಸ್ತಕ ತೆರೆದರೆ ಅತ್ತೆಯಾದರೂ ಏನೆಂದಾರು? ಗೋಡೆಯ ಮೇಲಿನ ವೈದ್ಯ ಹೆದರಿಸಿ ಕರೆಯುತ್ತಿದ್ದ. ಈಕೆ ಮನೆಯೊಳಗೇ ಬಂದು, ಹಿರಿಯಕ್ಕನ ಹಾಗೆ ಪಕ್ಕದಲ್ಲಿ ಕೂತು ಮಾತಾಡಿದರು. ಕೊನೆಗೆ ತಮ್ಮನ್ನೇ ಕ್ಯಾನ್ಸರ್ ಹಿಡಿದಾಗಲೂ ಆ ರೋಗದ ಬಗ್ಗೆ ಜನಕ್ಕೆ ತಿಳಿಹೇಳುವುದನ್ನು ಬಿಡಲಿಲ್ಲ. ತೀರಿಕೊಂಡದ್ದು 1991ರಲ್ಲಿ.

ಹೊಸದಾಗಿ ಮದುವೆಯಾದ ಹುಡುಗಿಯೊಬ್ಬಳು ಒಂದು ಸಂಜೆ ಹೂವಿನ ಪೊಟ್ಟಣ ಹಿಡಿದು ಬಂದು, “ಅನುಪಮಾ ಅವರ ಪುಸ್ತಕ ಇದೆಯಾ?” ಎಂದಳು. ‘ಮಾಧವಿ’ ಕಾದಂಬರಿ ತೆಗೆದುಕೊಟ್ಟೆ.

“ಇದಲ್ಲ ಅಣ್ಣ, ಇನ್ನೊಂದು.”

‘ಘೋಷ’ ಕೊಟ್ಟೆ. ತಲೆಯಾಡಿಸಿದಳು. ಮಾಲೀಕರು ಲೆಕ್ಕದ ಪುಸ್ತಕದಿಂದ ತಲೆ ಎತ್ತದೆಯೇ ಹೇಳಿದರು: “ಬೆನ್ನ ಮೇಲೆ ಹೆಸರಿಲ್ಲದ್ದು ಕೊಡಯ್ಯ. ರಿಜಿಸ್ಟರಿನಲ್ಲಿ ‘ಮಾಧವಿ’ ಅಂತಲೇ ಬರಕೋ.”